ಒಂದೇ ಬೀರುವಿನಲ್ಲಿ ಮೂರು ಪ್ರತಿ

ನೀರು ಸರಬರಾಜು ಕಚೇರಿಯ ದಾಖಲೆ ಕೋಣೆ ಇರುವುದು ನೆಲಮಾಳಿಗೆಯಲ್ಲಿ. ಅಲ್ಲಿಗೆ ಇಳಿದವರು ಕೇಳಿದ ಕಡತ ಸಿಗದೆ ಬರಿಗೈಯಲ್ಲಿ ಹತ್ತಿ ಬಂದದ್ದುಂಟು. ಬುದ್ಧಿವಾದ ಕೇಳಿಸಿಕೊಳ್ಳದೆ ಹತ್ತಿ ಬಂದವರು ಮಾತ್ರ ಇಲ್ಲ. ಇಪ್ಪತ್ತಾರು ವರ್ಷದಿಂದ ಅಲ್ಲಿ ಕೂತಿರುವ ಮನುಷ್ಯನಿಗೆ ಮೇಲಿನ ಮಹಡಿಯವರು ಇಟ್ಟ ಹೆಸರು ಮೂರುಪ್ರತಿ. ಒಡೆದ ಪೈಪಿನ ದೂರಿರಲಿ, ಹೊಸ ನಲ್ಲಿಯ ಅರ್ಜಿಯಿರಲಿ, ಅರ್ಧ ದಿನದ ರಜೆ ಚೀಟಿಯಿರಲಿ, ಮೂರು ಪ್ರತಿ ಇಲ್ಲದ ಕಾಗದವನ್ನು ಅವನು ಕಾಗದವೆಂದೇ ಒಪ್ಪುತ್ತಿರಲಿಲ್ಲ. ಅದರಾಚೆಗೆ ಅವನದೇ ಆದ ಇನ್ನೊಂದು ಕಟ್ಟಳೆಯಿತ್ತು: ಮೂಲ ಎಲ್ಲಿದೆಯೋ ಪ್ರತಿಗಳೂ ಅಲ್ಲೇ ಇರಬೇಕು, ಅದೇ ಬೀರುವಿನಲ್ಲಿ, ಅದೇ ಕಟ್ಟಿನಲ್ಲಿ, ಅದೇ ದಾರ ಬಿಗಿದು. ಬೇರೆ ಬೇರೆ ಬೀರುಗಳಲ್ಲಿಟ್ಟರೆ ಹುಡುಕುವವರು ಯಾರು? ಈ ವ್ಯವಸ್ಥೆಯನ್ನು ಮೆಚ್ಚಿ ಹಿಂದಿನ ಮೇಲಧಿಕಾರಿ ಒಂದು ಪ್ರಶಂಸಾಪತ್ರ ಕೊಟ್ಟಿದ್ದರು. ಅದರ ಮೂರು ಪ್ರತಿಗಳೂ ಮೂಲದ ಬೆನ್ನಿಗೇ ಅಂಟಿಕೊಂಡು ಕೂತಿವೆ. ಗೆದ್ದಲಿಗೆ ಓಡಾಟದ ತೊಂದರೆ ಕೊಡಬಾರದೆಂಬ ಅಷ್ಟು ಕಾಳಜಿಯ ನೌಕರ ಇನ್ನೊಂದು ಕಚೇರಿಯಲ್ಲಿ ಸಿಗುವುದು ಕಷ್ಟ.

ಇಂಥ ಮನುಷ್ಯ ಮನೆಗೆ ಬಂದು ಬಸ್ಸಿನ ಆಟ ಆಡುತ್ತಿದ್ದ ಎಂದರೆ ಮೇಲಿನ ಮಹಡಿಯವರು ನಂಬುತ್ತಿರಲಿಲ್ಲ. ಆಡುತ್ತಿದ್ದದ್ದು ನಿಜ, ಆದರೆ ತನಗಾಗಿ ಅಲ್ಲ.

ಅವನಿಗೊಬ್ಬ ಅಣ್ಣ. ಮೂವತ್ತೊಂದು ವರ್ಷ ಬಸ್ಸು ಓಡಿಸಿದವನು, ಅದರಲ್ಲಿ ಇಪ್ಪತ್ತೆರಡು ವರ್ಷ ಹದಿನೇಳನೇ ನಂಬರಿನ ದಾರಿ ಒಂದರಲ್ಲೇ. ನಿವೃತ್ತಿಯಾದ ಎರಡನೇ ವರ್ಷಕ್ಕೆ ಕಣ್ಣಿನ ನರ ಒಣಗಿತು. ಮೊದಲು ಅಂಚುಗಳು ಮಸುಕಾದವು, ಆಮೇಲೆ ನಡುವೂ ಹೋಯಿತು. ಊರಿಗೆಲ್ಲ ಜೋಕು ಹೇಳಿಕೊಂಡು ತಿರುಗುತ್ತಿದ್ದ ಮನುಷ್ಯ ಮಾತು ನಿಲ್ಲಿಸಿ ಕಿಟಕಿಯ ಪಕ್ಕ ಕೂತುಬಿಟ್ಟ. ಚಿಕ್ಕಂದಿನಲ್ಲಿ ತಮ್ಮನನ್ನು ಹೆಗಲ ಮೇಲೆ ಕೂರಿಸಿಕೊಂಡು ಶಾಲೆಗೆ ಬಿಟ್ಟು ಬರುತ್ತಿದ್ದವನು ಅವನೇ. ಮೂರುಪ್ರತಿಗೆ ಅಣ್ಣನೆಂದರೆ ಪ್ರಾಣ. ಆದರೆ ಅದನ್ನು ಬಾಯಿಬಿಟ್ಟು ಹೇಳುವ ನಮೂನೆ ದಾಖಲೆ ಕೋಣೆಯಲ್ಲಿ ಇರಲಿಲ್ಲ.

ಆದ್ದರಿಂದ ಅವನು ಒಂದು ಕಂಪ್ಯೂಟರ್ ಕೊಂಡ, ಮೇಜಿಗೆ ಬಿಗಿಯುವ ಸ್ಟೀರಿಂಗ್ ಚಕ್ರವನ್ನೂ ಕಾಲಡಿಗೆ ಬ್ರೇಕಿನ ಪೆಡಲನ್ನೂ ಕೊಂಡ, ಬಸ್ಸು ಓಡಿಸುವ ಆಟವೊಂದನ್ನು ಹಾಕಿಸಿಕೊಂಡ. ಆಟದೊಳಗಿನ ಊರು ಯಾರದೋ ಊರು. ಆದರೆ ಇಂಥ ಆಟಗಳಿಗೆ ಮಾಡ್ ಎಂಬುದೊಂದಿರುತ್ತದೆ. ಆಟ ತಯಾರಿಸಿದವರು ಕೊಡದ್ದನ್ನು ಆಡುವವರೇ ಮಾಡಿ ಒಳಗೆ ಸೇರಿಸಿಕೊಳ್ಳುವ ತುಣುಕುಗಳು. ಹೊಸ ಬಸ್ಸು, ಹೊಸ ರಸ್ತೆ, ಹೊಸ ಸದ್ದು, ಏನು ಬೇಕಾದರೂ ಆಗಬಹುದು. ಮೂರುಪ್ರತಿ ಎರಡು ವರ್ಷ ಸಂಜೆಗಳನ್ನೆಲ್ಲ ಸುರಿದು ಹದಿನೇಳನೇ ನಂಬರಿನ ದಾರಿಯನ್ನು ಕಟ್ಟಿದ. ಮೀನು ಮಾರುಕಟ್ಟೆಯ ಮುಂದಿನ ಗುಂಡಿ, ಗಡಿಯಾರದ ಕಂಬದ ಬಳಿಯ ಕಲ್ಲುಹಾಸು, ಸಿಮೆಂಟ್ ಗೋದಾಮಿನ ಎದುರಿನ ಎರಡು ಉಬ್ಬು, ಒಂದನ್ನೂ ಬಿಡಲಿಲ್ಲ. ಚಕ್ರ ಉಬ್ಬಿಗೆ ತಕ್ಕಂತೆ ಕೈಯಲ್ಲಿ ಅದುರುತ್ತಿತ್ತು. ಹಳೆಯ ಬಸ್ಸಿನ ಎಂಜಿನ್ ಸದ್ದನ್ನು ಡಿಪೋಗೆ ಹೋಗಿ ತಾನೇ ಹಿಡಿದು ತಂದ. ಎದುರಿನಿಂದ ಬರುವ ವಾಹನಗಳನ್ನು ಮಾತ್ರ ರದ್ದು ಮಾಡಿದ. ಅಷ್ಟು ಖಾಲಿ ರಸ್ತೆ ಅಣ್ಣನಿಗೆ ನೌಕರಿಯಲ್ಲಿ ಒಂದು ದಿನವೂ ಸಿಕ್ಕಿರಲಿಲ್ಲ.

ಅಂದಿನಿಂದ ನಾಲ್ಕು ವರ್ಷ, ಪ್ರತಿ ಭಾನುವಾರ ಬೆಳಿಗ್ಗೆ ಹತ್ತಕ್ಕೆ ಅಣ್ಣ ಬರುತ್ತಿದ್ದ. ಅಂಗೈಯಲ್ಲಿ ಅದುರಾಟ, ಕಿವಿಯಲ್ಲಿ ಎಂಜಿನ್, ಇಷ್ಟರಲ್ಲೇ ಬಸ್ಸು ಓಡಿಸುತ್ತಿದ್ದ. ತಮ್ಮ ಪಕ್ಕದ ಕುರ್ಚಿಯಲ್ಲಿ ಕಂಡಕ್ಟರಾಗಿ ಕೂತು ನಿಲ್ದಾಣ ಕೂಗುತ್ತಿದ್ದ. ವಾರವೆಲ್ಲ ಮಾತಾಡದ ಅಣ್ಣ ಆ ಎರಡು ಗಂಟೆ ಇಲ್ಲದ ಪ್ರಯಾಣಿಕರನ್ನು ಬೈಯುತ್ತಿದ್ದ, ಹಿಂದೆ ಸರಿಯಿರಿ ಎನ್ನುತ್ತಿದ್ದ, ನಗುತ್ತಿದ್ದ. ಅತ್ತಿಗೆ ಬಾಗಿಲಲ್ಲಿ ಬಿಟ್ಟು ಹೋಗುವಾಗ, "ನೀನಿಲ್ದಿದ್ರೆ ಇವರು ಬದುಕಿದ್ದೂ ಇಲ್ದಂಗೆ ಕಣಪ್ಪಾ" ಎನ್ನುತ್ತಿದ್ದಳು. ಮೂರುಪ್ರತಿಯ ಎದೆ ಅಂದು ಸಂಜೆಯವರೆಗೂ ಉಬ್ಬಿಕೊಂಡೇ ಇರುತ್ತಿತ್ತು.

ಇಂಥ ಅಮೂಲ್ಯ ವಸ್ತುವಿಗೆ ಅವನು ಪ್ರತಿ ಮಾಡದೆ ಬಿಟ್ಟಾನೆಯೇ? ಒಂದು, ಎರಡು, ಮೂರು ಎಂದು ಅಂಕಿ ಕೊಟ್ಟು ಮೂರು ಪ್ರತಿ ಮಾಡಿದ. ಇಟ್ಟದ್ದೆಲ್ಲಿ? ಆಟದ ಫೋಲ್ಡರಿನ ಒಳಗೇ, ಮೂಲದ ಪಕ್ಕದಲ್ಲೇ. ಬೀರುವಿನ ಕಟ್ಟಳೆ ಕಂಪ್ಯೂಟರಿಗೂ ಅನ್ವಯ.

ಔಷಧಿ ಅಂಗಡಿಯಲ್ಲಿ ಕೆಲಸ ಮಾಡುವ ಹೆಂಡತಿ ಒಮ್ಮೆ ಇದನ್ನು ನೋಡಿ ಸುಮ್ಮನಿರಲಾರದೆ ಕೇಳಿದ್ದಳು, "ಅಲ್ಲಾ ರೀ, ನಮ್ಮಂಗಡಿಗೆ ಮೂರು ಬೀಗದ ಕೈ ಇದೆ. ಮೂರನ್ನೂ ಒಳಗೇ ಇಟ್ಟು ಬಾಗಿಲು ಹಾಕ್ಕೊಂಡು ಬಂದ್ರೆ ಬೆಳಿಗ್ಗೆ ಏನ್ ಮಾಡೋದು? ಒಂದನ್ನ ಆ ಪೆನ್‌ಡ್ರೈವಿಗಾದ್ರೂ ಹಾಕಿಡಿ."

"ಪೆನ್‌ಡ್ರೈವ್ ಕಳೆದುಹೋಗತ್ತೆ. ಇಲ್ಲಿದ್ರೆ ಕಣ್ಣೆದುರಿಗೇ ಇರತ್ತೆ. ದಾಖಲೆ ಇಡೋದು ನನಗೆ ಹೇಳಿಕೊಡ್ಬೇಡ" ಎಂದಿದ್ದ. ಹೇಳಿಕೊಡಬಾರದೆಂದ ಮೇಲೆ ಅವಳೂ ಕೈತೊಳೆದುಕೊಂಡಳು.

ಆ ಶನಿವಾರ ಮಧ್ಯಾಹ್ನ ಆಟ ತನ್ನಷ್ಟಕ್ಕೆ ತಾನೇ ಹೊಸ ಆವೃತ್ತಿಗೆ ಏರಿತು. ಏರಿದ್ದೇ ತಡ, ಬಸ್ಸಿನ ಬಾಗಿಲು ತೆರೆಯಲೊಲ್ಲದು. ಬಾಗಿಲು ತೆರೆಯದ ಬಸ್ಸನ್ನು ನಾಳೆ ಅಣ್ಣನ ಕೈಗೆ ಕೊಡುವುದು ಹೇಗೆ? ಮೂರುಪ್ರತಿ ಅಂತರ್ಜಾಲದಲ್ಲಿ ಹುಡುಕಿದ. ಆ ಆಟ ಆಡುವವರೇ ಸೇರುವ ಒಂದು ಪುಟದಲ್ಲಿ ಪುಣ್ಯಾತ್ಮನೊಬ್ಬ ಸ್ಪಷ್ಟವಾಗಿ ಬರೆದಿದ್ದ: ಮೊದಲು ನಿಮ್ಮ ಮಾಡ್‌ಗಳನ್ನು ಆಟದ ಫೋಲ್ಡರಿನಿಂದ ಆಚೆಗೆ ಎತ್ತಿಡಿ, ಆಮೇಲೆ ಆಟವನ್ನು ಪೂರ್ತಿ ತೆಗೆದು ಮತ್ತೆ ಹಾಕಿ, ಕೊನೆಗೆ ಮಾಡ್‌ಗಳನ್ನು ಒಂದೊಂದಾಗಿ ವಾಪಸ್ಸು ಇಡಿ. ಮೂರುಪ್ರತಿ ಮೊದಲ ಸಾಲು ಓದಿ ನಸುನಕ್ಕ. ಅದು ಪ್ರತಿ ಮಾಡಿಡದ ಸೋಮಾರಿಗಳಿಗೆ ಬರೆದ ಸಾಲು. ತನ್ನ ಹತ್ತಿರ ಮೂರಿವೆ.

ತೆಗೆಯಲು ಹೊರಟಾಗ ಕಂಪ್ಯೂಟರ್ ಕೂಡ ವಿನಯದಿಂದಲೇ ಕೇಳಿತು: ಈ ಫೋಲ್ಡರಿನಲ್ಲಿ ಆಟಕ್ಕೆ ಸೇರದ ಬೇರೆ ಕಡತಗಳೂ ಇವೆ, ಅವನ್ನೂ ಅಳಿಸಲೇ? ಕಸ ಉಳಿಸಿ ಬೀರು ಮುಚ್ಚುವುದು ಅವನ ಜಾಯಮಾನದಲ್ಲೇ ಇರಲಿಲ್ಲ. ಹೌದು ಎಂದು ಒತ್ತಿದ. ಖಚಿತವೇ ಎಂದು ಮತ್ತೆ ಕೇಳಿತು. ಮೇಲಿನ ಮಹಡಿಯವರು ಯಾರೂ ಅವನನ್ನು ಎರಡು ಸಲ ಕೇಳಿದವರಲ್ಲ, ಅದಕ್ಕೇ ಆ ಯಂತ್ರದ ಮೇಲೆ ಅವನಿಗೆ ಗೌರವ ಹೆಚ್ಚಿತು. ಖಚಿತ ಎಂದು ಒತ್ತಿ ಕೈಕಟ್ಟಿ ಕೂತ. ಎರಡು ವರ್ಷದ ದುಡಿಮೆ ನಲವತ್ತು ಸೆಕೆಂಡಿನಲ್ಲಿ ಅಚ್ಚುಕಟ್ಟಾಗಿ ಖಾಲಿಯಾಯಿತು. ಆಟವನ್ನು ಮತ್ತೆ ಹಾಕಲು ಎರಡು ಗಂಟೆ ಹಿಡಿಯಿತು. ಅದು ಮುಗಿದ ಮೇಲೆ ಪ್ರತಿ ಒಂದನ್ನು ತೆರೆಯೋಣವೆಂದು ಹೋದರೆ ಒಂದೂ ಇಲ್ಲ, ಎರಡೂ ಇಲ್ಲ, ಮೂರೂ ಇಲ್ಲ.

ಅಳಿಸಿದ್ದು ಹೋಗಿ ಬೀಳುವ ಬುಟ್ಟಿಯಲ್ಲಿ ಹುಡುಕಿದ. ಅಲ್ಲಿ ಸಿಕ್ಕಿದ್ದು ಹೆಂಡತಿ ಕಣ್ಣು ಮುಚ್ಚಿದ್ದ ಎರಡು ಫೋಟೋ ಮಾತ್ರ. ಕಂಪ್ಯೂಟರನ್ನು ಕಂಕುಳಲ್ಲಿ ಅವುಚಿಕೊಂಡು ಬೀದಿಯ ಕೊನೆಯ ರಿಪೇರಿ ಅಂಗಡಿಗೆ ಓಡಿದ.

ರಿಪೇರಿಯವನು ಎಲ್ಲ ಕೇಳಿಸಿಕೊಂಡು ಒಂದೇ ಪ್ರಶ್ನೆ ಹಾಕಿದ. "ಅಳಿಸಿದ ಮೇಲೆ ಅದನ್ನ ಹಾಗೇ ಬಿಟ್ರಾ ಸಾರ್, ಇಲ್ಲಾ ಏನಾದ್ರೂ ಹಾಕಿದ್ರಾ?"

"ಆಟ ಮತ್ತೆ ಹಾಕಿದೆ."

"ಪೂರ್ತಿ?"

"ಪೂರ್ತಿ."

ರಿಪೇರಿಯವನು ಸ್ಕ್ರೂಡ್ರೈವರನ್ನು ಮೇಜಿನ ಮೇಲಿಟ್ಟ. "ಅಳಿಸಿದ್ದು ತಕ್ಷಣ ಹೋಗಿರಲ್ಲ ಸಾರ್. ಮುಟ್ಟದೆ ತಂದಿದ್ರೆ ಅಲ್ಪಸ್ವಲ್ಪ ಎತ್ತಿ ಕೊಡ್ತಿದ್ದೆ. ಈಗ ಅದರ ಮೇಲೇ ಹೊಸದು ಕೂತಿದೆ. ಆದ್ರೂ ನೋಡ್ತೀನಿ, ಕೂತ್ಕೊಳಿ." ಅಂಗಡಿ ಮುಚ್ಚುವವರೆಗೂ ನೋಡಿ, ಕೊನೆಗೆ ಅರ್ಧ ನಿಮಿಷದ ಎಂಜಿನ್ ಸದ್ದೊಂದನ್ನು ಹೊರತೆಗೆದ. ಅದೂ ನಡುನಡುವೆ ಕತ್ತರಿಸಿಹೋಗಿತ್ತು. "ಬೇರೆ ಎಲ್ಲೂ ಒಂದು ಪ್ರತಿ ಇಟ್ಟಿರ್ಲಿಲ್ವಾ ಸಾರ್?" ಎಂದು ಕೇಳಿದ. ಮೂರುಪ್ರತಿ ಎಂಬ ಹೆಸರು ಪುಣ್ಯಕ್ಕೆ ಆ ಬೀದಿಯವರೆಗೆ ತಲುಪಿರಲಿಲ್ಲ.

ಮನೆಗೆ ಬಂದು ತಲೆಯ ಮೇಲೆ ಕೈಹೊತ್ತು ಕೂತ. ಹೆಂಡತಿ ಬೀಗದ ಕೈಯ ಮಾತನ್ನು ಎತ್ತಲಿಲ್ಲ. ಎತ್ತಿದ್ದರೆ ಜಗಳವಾಡಿಯಾದರೂ ಹಗುರಾಗಬಹುದಿತ್ತು. ಆ ಅವಕಾಶವನ್ನೂ ಅವಳು ಕೊಡಲಿಲ್ಲ.

"ಭಾವನಿಗೆ ನಿಜ ಹೇಳಿಬಿಡಿ" ಎಂದಳು.

"ಏನಂತ ಹೇಳ್ಲಿ? ಕಣ್ಣು ಹೋದವನಿಗೆ ಇದ್ದದ್ದೊಂದು ದಾರಿ, ಅದನ್ನೂ ಅಳಿಸಿ ಹಾಕಿದೆ ಅಂತ್ಲಾ? ಮತ್ತೆ ಆ ಕಿಟಕಿ ಪಕ್ಕ ಹೋಗಿ ಕೂತ್ರೆ ಇನ್ನು ಏಳಲ್ಲ ಅವನು."

"ಮತ್ತೇನ್ ಮಾಡ್ತೀರಿ?"

"ಆಟದಲ್ಲೇ ಇರೋ ಯಾವ್ದಾದ್ರೂ ದಾರಿ ಹಾಕಿಕೊಡ್ತೀನಿ. ನಿಲ್ದಾಣದ ಹೆಸರು ನಾನೇ ತಾನೆ ಕೂಗೋದು."

ಹೆಂಡತಿ ಅವನ ಮುಖವನ್ನೇ ನೋಡಿ ಒಳಗೆ ಹೋದಳು. ಇಪ್ಪತ್ತೆರಡು ವರ್ಷ ಒಂದೇ ರಸ್ತೆಯಲ್ಲಿ ಓಡಿದವನ ಕಿವಿಗೆ ಹೂವಿಡುವ ಈ ಯೋಜನೆ ತಯಾರಾದದ್ದು ಕಾಗದದ ಮೇಲೆ ಜೀವನ ಕಳೆದ ತಲೆಯಲ್ಲಿ ಎಂಬುದು ಬೇರೆ ಹೇಳಬೇಕಿಲ್ಲ.

ಭಾನುವಾರ ಹತ್ತಕ್ಕೆ ಅಣ್ಣ ಬಂದ. ಒಗೆದ ಅಂಗಿ, ಬಾಚಿದ ತಲೆ. ಕುರ್ಚಿಯನ್ನು ಕೈಯಿಂದ ತಡವಿ, ಎಳೆದುಕೊಂಡು ಕೂತು, ಚಕ್ರದ ಮೇಲೆ ಎರಡೂ ಕೈ ಇಟ್ಟ. ಮೂರುಪ್ರತಿ "ರೈಟ್, ರೈಟ್" ಎಂದ.

ಬಸ್ಸು ಹೊರಟಿತು. ಸದ್ದು ನಯವಾದ ಹೊಸ ಎಂಜಿನ್ನಿನದು. ರಸ್ತೆ ಕನ್ನಡಿಯಷ್ಟು ನುಣುಪು. ಅಣ್ಣ ಹತ್ತು ಸೆಕೆಂಡು ಓಡಿಸಿ ಕಾಲನ್ನು ಬ್ರೇಕಿನ ಮೇಲೆ ಊರಿದ.

"ಇದ್ಯಾರ ಊರೋ?"

"ಹೊಸ ಟಾರು ಹಾಕಿದ್ದಾರೆ ಅಣ್ಣ." ಇಷ್ಟು ಹೇಳುವಷ್ಟರಲ್ಲಿ ಮೂರುಪ್ರತಿಯ ದನಿ ಒಡೆದುಹೋಯಿತು. ಮುಂದಿನದನ್ನು ಅವನು ಮುಚ್ಚಿಡಲಿಲ್ಲ. ಬೀರುವಿನ ಕಟ್ಟಳೆ, ಮೂರು ಪ್ರತಿ, ಎರಡು ಸಲ ಕೇಳಿದ್ದು, ಎರಡು ಸಲವೂ ಹೌದೆಂದು ಒತ್ತಿದ್ದು, ಎಲ್ಲವನ್ನೂ ಹೇಳಿದ. ಐವತ್ತೈದು ವರ್ಷದ ಮನುಷ್ಯ, ಅಳುವುದಕ್ಕೆ ನಾಚಿಕೆಯಾಯಿತು, ಆದರೂ ಅತ್ತ. "ನಿನ್ನ ದಾರಿ ಹೋಯ್ತು ಅಣ್ಣ. ಚೂರೂ ಉಳಿದಿಲ್ಲ."

ಚಕ್ರ ಹಿಡಿದಿದ್ದ ಅಣ್ಣನ ಭುಜ ಕುಲುಕತೊಡಗಿತು. ಅಳುತ್ತಿದ್ದಾನೆಂದು ಮೂರುಪ್ರತಿ ಹತ್ತಿರ ಸರಿದರೆ, ಅವನು ನಗುತ್ತಿದ್ದ.

"ಹೋಯ್ತಾ? ಸದ್ಯ."

"ಏನಂದೆ?"

"ಅದು ನನ್ನ ದಾರಿ ಅಲ್ಲ ಕಣೋ. ನೀನು ಬೇಜಾರು ಮಾಡ್ಕೋತೀಯ ಅಂತ ಹೇಳಿರ್ಲಿಲ್ಲ. ಗುಂಡಿ, ಉಬ್ಬು ಎಲ್ಲಾ ಸರಿ ಇತ್ತು. ತಿರುವು ಅರ್ಧಕ್ಕರ್ಧ ತಪ್ಪು. ಗಡಿಯಾರದ ಕಂಬ ಆದ್ಮೇಲೆ ನೀನು ನೇರ ಕರ್ಕೊಂಡು ಹೋಗ್ತಿದ್ದೆ. ಅಲ್ಲಿ ಬಸ್ಸಿರ್ಲಿ, ಸೈಕಲ್ಲೂ ಹೋಗಲ್ಲ, ಮನೆಗಳಿವೆ."

"ನಮ್ಮ ಕಚೇರಿ ನಕ್ಷೆ ನೋಡ್ಕೊಂಡೇ ಮಾಡಿದ್ದು ಅಣ್ಣ. ಒಂದು ಗೆರೆನೂ ಬಿಟ್ಟಿರ್ಲಿಲ್ಲ."

"ಅದು ನೀರು ಹೋಗೋ ದಾರಿ. ಬಸ್ಸು ಹೋಗೋ ದಾರಿ ನನ್ನ ಕೇಳ್ಬೇಕಿತ್ತು."

ಅಣ್ಣನಿಗೆ ಖುಷಿಯ ಅಚ್ಚರಿ ಕೊಡಬೇಕೆಂದು ಎರಡು ವರ್ಷ ಗುಟ್ಟಾಗಿ ಕಟ್ಟಿದವನು, ಅಣ್ಣನನ್ನು ಒಂದು ಮಾತೂ ಕೇಳಿರಲಿಲ್ಲ. ಕಾಗದ ಕೈಯಲ್ಲಿರುವಾಗ ಮನುಷ್ಯನನ್ನು ಕೇಳುವುದು ಅವನ ಕೋಣೆಯ ಪದ್ಧತಿಯಲ್ಲ.

"ಮತ್ತೆ ನಾಲ್ಕು ವರ್ಷ ಒಂದು ಗೋಡೆಗೂ ತಾಗಿಸ್ದೆ ಹೇಗೆ ಓಡಿಸ್ದೆ?"

"ಕಲಿತ್ಕೊಂಡೆ. ಮೊದಮೊದಲು ನೀನೇ ಎಡ, ಬಲ ಅಂತ ಕೂಗ್ತಿದ್ಯಲ್ಲ, ಅದನ್ನೇ ಹಿಡ್ಕೊಂಡೆ. ಹಗಲೆಲ್ಲ ಕಿಟಕಿ ಪಕ್ಕ ಕೂತು ನಿನ್ನ ತಿರುವುಗಳನ್ನೇ ಬಾಯಿಪಾಠ ಮಾಡ್ತಿದ್ದೆ. ಮನೇಲಿ ನಿಮ್ಮತ್ತಿಗೆ ಮಾತಾಡಿಸಿದ್ರೆ ಲೆಕ್ಕ ತಪ್ಪತ್ತೆ ಅಂತ ಬಾಯಿ ಬಿಡ್ತಿರ್ಲಿಲ್ಲ." ಅಣ್ಣ ತಮ್ಮನ ಮೊಣಕಾಲನ್ನು ತಡವಿ ಹುಡುಕಿ ಒಂದೇಟು ಕೊಟ್ಟ. "ನೀನು ಅಷ್ಟು ಕಷ್ಟಪಟ್ಟು ಕಟ್ಟಿದ್ದೀಯ, ಗೋಡೆಗೆ ಗುದ್ದಿದ್ರೆ ನಿನಗೆ ಏನನ್ಸತ್ತೆ?"

ಅಣ್ಣನನ್ನು ನಾಲ್ಕು ವರ್ಷ ತಾನು ಕರೆದುಕೊಂಡು ಹೋಗುತ್ತಿದ್ದೇನೆ ಎಂದುಕೊಂಡಿದ್ದ ಮೂರುಪ್ರತಿ ತಲೆ ತಗ್ಗಿಸಿದ. ಅಂದು ಅವನಿಗಾದ ಅವಮಾನವನ್ನು ಯಾವ ಮೇಲಧಿಕಾರಿಯೂ ಮಾಡಿರಲಿಲ್ಲ, ಅಂದಿನಷ್ಟು ಸಮಾಧಾನವನ್ನೂ ಯಾರೂ ಕೊಟ್ಟಿರಲಿಲ್ಲ.

"ಆ ನುಣುಪು ಊರನ್ನ ಆಫ್ ಮಾಡು ಮೊದ್ಲು" ಎಂದ ಅಣ್ಣ. "ಪೆನ್ನು ತಗೋ. ನಾನು ಹೇಳ್ತಾ ಹೋಗ್ತೀನಿ, ನೀನು ಬರಿ. ನಡುವೆ ಬುದ್ಧಿವಾದ ಬೇಡ."

ಕಂಪ್ಯೂಟರ್ ಆರಿತು. ಮೂರುಪ್ರತಿ ಮೂಗು ಒರೆಸಿಕೊಂಡು ಹಾಳೆ ಎಳೆದುಕೊಂಡ. ಅಣ್ಣ ಬೆನ್ನು ನೆಟ್ಟಗೆ ಮಾಡಿ, ಗೇರು ಇಲ್ಲದ ಕಡೆ ಗೇರು ಬದಲಿಸಿ, "ಡಿಪೋ ಗೇಟು ದಾಟಿದ್ಮೇಲೆ ಬಲಕ್ಕೆ" ಎನ್ನುತ್ತ ಚಕ್ರವನ್ನು ಪೂರ್ತಿ ಬಲಕ್ಕೆ ತಿರುಗಿಸಿದ. ಕಣ್ಣು ಹೋದ ಮೇಲೆ ಅವನು ತನ್ನ ದಾರಿಯಲ್ಲಿ ಹೊರಟದ್ದು ಅದೇ ಮೊದಲು.