ಡಿಸ್ಕಿಗೆ ಹಚ್ಚಿದ ವಿಭೂತಿ

ಸಂಜೆ ಶೇಂಗಾ ಹುರಿಯುತ್ತಿದ್ದಾಗ ಕೊಪ್ಪಳದಿಂದ ಮನೆಯವರ ಫೋನು ಬಂತು. ಅತ್ತೆ ಅಡುಗೆಮನೆಯ ಬಾಗಿಲಿಗೆ ಬಂದು ನಿಂತರು, ಒಳಗೆ ಕಾಲಿಡಲಿಲ್ಲ. ಖಂಡೆ ಪೂಜೆಯ, ಅಂದರೆ ಆಯುಧ ಪೂಜೆಯ ದಿನದಿಂದ ಅವರು ಹಾಗೇ ಇದ್ದರು.

ಕುಷ್ಟಗಿಯಲ್ಲಿ ನಮ್ಮದು ಬೀಜ, ಗೊಬ್ಬರದ ಅಂಗಡಿ. ಅಂಗಡಿ ಮುಚ್ಚಿ ಬಂದರೆ ಇವರಿಗೆ ಹಾಡಿನದೇ ಧ್ಯಾನ. ಇಂಗ್ಲಿಷಿನ ರಾಕ್ ಹಾಡುಗಳನ್ನು ಹತ್ತಿಪ್ಪತ್ತು ಜನ ಕೂತು ತುತ್ತೂರಿ, ಸ್ಯಾಕ್ಸೋಫೋನು ಊದಿ ನುಡಿಸುತ್ತಾರಂತೆ. ಅಂಥವನ್ನೇ ಹುಡುಕಿ ಕೂಡಿಸುತ್ತಾರೆ. ಅದೂ ಲಾಸ್‌ಲೆಸ್ ಆಗಿರಬೇಕು, ಅಂದರೆ ದನಿಯಲ್ಲಿ ಏನನ್ನೂ ಕಡಿಮೆ ಮಾಡದ ದೊಡ್ಡ ಫೈಲು. "ಮೊಬೈಲಿನ್ಯಾಗ ಬರೂ ಹಾಡು ಸಾಣಿಸಿದ ಹಿಟ್ಟಿದ್ದಂಗ. ಇದರಾಗ ತೌಡೂ ಇರತೈತಿ ನೋಡು" ಎಂದು ನನಗೆ ತಿಳಿಸಿ ಹೇಳಿದ್ದರು. ವರ್ಷಾನುಗಟ್ಟಲೆ ಕೂಡಿಸಿದ್ದೆಲ್ಲ ಒಂದೇ ಹಾರ್ಡ್ ಡಿಸ್ಕಿನಲ್ಲಿತ್ತು.

ಪೂಜೆಗೆ ಅತ್ತೆ ತಕ್ಕಡಿ, ಕುಡುಗೋಲು, ನನ್ನ ಮಿಕ್ಸರು ಸಾಲಾಗಿ ಇಟ್ಟರು. ಮಗ ದಿನಾ ಕೈಯಲ್ಲಿ ಹಿಡಿಯುವ ವಸ್ತು ಬಿಟ್ಟುಹೋಗಬಾರದೆಂದು ಡಿಸ್ಕನ್ನೂ ತಂದಿಟ್ಟರು. ನೀರಲ್ಲಿ ಕಲಸಿದ ವಿಭೂತಿಯನ್ನು ಮೂರು ಬೆರಳಿನಿಂದ ಅದಕ್ಕೂ ಎಳೆದರು. ವೈರು ಚುಚ್ಚುವ ಕಿಂಡಿ ಅವರ ಕಣ್ಣಿಗೆ ಬೀಳಲಿಲ್ಲ. ಅಂದು ಸಂಜೆ ಡಿಸ್ಕು ಕಣ್ಣೇ ಬಿಡಲಿಲ್ಲ. ಇವರು ಕಿಂಡಿಯೊಳಗಿನ ವಿಭೂತಿ ನೋಡಿದರು, ತಾಯಿಯ ಮುಖ ನೋಡಿದರು, ಒಂದು ಮಾತೂ ಆಡಲಿಲ್ಲ. ಅಷ್ಟು ತಾಳ್ಮೆ ಕೊಟ್ಟ ಶಿವನಿಗೆ ಮನಸ್ಸಿನಲ್ಲೇ ಕೈಮುಗಿದೆ. ಆದರೆ ಆ ಮೌನವೇ ಅತ್ತೆಗೆ ಬೈಗುಳಕ್ಕಿಂತ ಹೆಚ್ಚಾಯಿತು. "ನನ್ನ ಕೈಗುಣ ಛಲೋ ಇಲ್ಲವಾ, ಇನ್ನ ನೀನಾ ಮಾಡಿಕೋ" ಎಂದು ದೇವರ ಜಗಲಿಯ ಪೂಜೆಯನ್ನೂ ನನಗೊಪ್ಪಿಸಿ ಮೂಲೆ ಹಿಡಿದರು. ಇವರು ಡಿಸ್ಕನ್ನು ಕೊಪ್ಪಳದ ಒಂದು ರಿಪೇರಿ ಅಂಗಡಿಗೆ ಕೊಟ್ಟು ಬಂದಿದ್ದರು. ಇವತ್ತು ಅದನ್ನು ತರಲು ಹೋಗಿದ್ದರು. ಫೋನು ಅಲ್ಲಿಂದಲೇ.

"ಅವ್ವಗ ಕೊಡು" ಎಂದರು. ಸ್ಪೀಕರ್ ಹಾಕಿ ಹಿಡಿದೆ.

"ಅವ್ವಾ, ಕಿಂಡಿ ಒಂದಾ ಕೆಟ್ಟಿತ್ತಂತ. ಒಳಗಿನವು ಎಲ್ಲಾ ಅದಾವ."

"ಒಂದೂ ಹೋಗಿಲ್ಲೇನೋ ಯಪ್ಪಾ?"

"ಇಲ್ಲಬೇ. ತಡಿ, ಕೇಳಿಸ್ತೀನಿ."

ಫೋನಿನೊಳಗಿಂದ ತುತ್ತೂರಿಗಳ ದಂಡೇ ಎದ್ದು ಬಂತು. ಅತ್ತೆ ತಲೆ ಓರೆ ಮಾಡಿ ಕೇಳಿದರು.

"ಇಷ್ಟಕ್ಕೇನೋ ಊಟ ಬಿಟ್ಟು ಒದ್ದಾಡಿದ್ದು? ನನ್ನ ಮದುವಿ ಬ್ಯಾಂಡಿನವ್ರು ಇದಕ್ಕಿಂತ ಜೋರು ಊದಿದ್ರು. ಎತ್ತು ಹಗ್ಗಾ ಹರಕೊಂಡು ಓಡಿದ್ವು!"

ಆ ಕಡೆ ಇವರೂ ಅಂಗಡಿಯವರೂ ನಕ್ಕರು. "ಬರೂ ವರ್ಷನೂ ನೀನಾ ಪೂಜಿ ಮಾಡಬೇಕಬೇ. ವಿಭೂತಿ ಮಾತ್ರ ಒಣಾದು ಹಚ್ಚು."

ಅತ್ತೆ ಸೆರಗಿನಿಂದ ಮೂಗೊರೆಸಿಕೊಂಡರು. ಆಮೇಲೆ ನನ್ನ ಕಡೆ ತಿರುಗಿ, "ದೀಪದ ಎಣ್ಣಿ ಎಲ್ಲಿಟ್ಟೀಯವಾ? ಹೊತ್ತು ಮುಳುಗಾಕ ಬಂತು, ನಿನಗ ಹೇಳೂತನಾ ತಿಳಿಯೂದಿಲ್ಲ" ಎಂದರು. ಎಷ್ಟೋ ದಿನದ ಮೇಲೆ ಅವರಿಂದ ಬೈಸಿಕೊಂಡೆ. ಆ ಹಾಡುಗಳಲ್ಲಿ ಏನಿದೆಯೋ ನನಗಿನ್ನೂ ತಿಳಿಯದು, ಉಳಿಸಿದ ದೇವರಿಗಂತೂ ನಾನು ಋಣಿ. ಅತ್ತೆ ಜಗಲಿಯ ಮುಂದೆ ಕೂತು ಬತ್ತಿ ಹೊಸೆಯತೊಡಗಿದರು. ನಾನು ರೊಟ್ಟಿಗೆ ಎಸರಿಟ್ಟೆ.