ಕವಚ ಕಟ್ಟುವ ಕೈ

ಇವತ್ತು ಬೆಳಿಗ್ಗೆ ಕಾಫಿ ಲೋಟ ಹಿಡಿದು ಗ್ಯಾರೇಜಿಗೆ ಹೋದೆ. ಕಾರು ಆಗಲೇ ಹೊರಟುಹೋಗಿತ್ತು, ವಾಸನೆ ಮಾತ್ರ ಉಳಿದಿತ್ತು. ಬೆವರು ಹೀರಿ ಒಣಗಿ, ಮತ್ತೆ ಹೀರಿ ಮತ್ತೆ ಒಣಗಿದ ಹತ್ತಿಯ ದಪ್ಪ ಅಂಗಿಯ ವಾಸನೆ, ಎಣ್ಣೆ ಕುಡಿದ ಚರ್ಮದ ವಾಸನೆ, ಅದರ ಅಡಿಯಲ್ಲಿ ತಣ್ಣನೆಯ ಉಕ್ಕಿನದು. ಫಾರ್ಮಿಂಗ್ಟನ್ ಹಿಲ್ಸ್‌ನ ನಮ್ಮ ಬಡಾವಣೆಯಲ್ಲಿ ಎಲ್ಲರ ಗ್ಯಾರೇಜಿನಲ್ಲೂ ಹಿಮ ತಳ್ಳುವ ಯಂತ್ರವಿದೆ, ಹಳೇ ಟೈರುಗಳಿವೆ, ಕಾಸ್ಟ್ಕೋ ಅಂಗಡಿಯಿಂದ ತಂದ ಅಕ್ಕಿ ಮೂಟೆಯಿದೆ. ನಮ್ಮಲ್ಲಿ ಇವೆಲ್ಲದರ ಜೊತೆಗೆ ಒಬ್ಬ ನೈಟ್‌ನ ಸಾಮಾನೂ ಇದೆ. ನೈಟ್ ಎಂದರೆ ಹಳೇ ಯುರೋಪಿನಲ್ಲಿ ತಲೆಯಿಂದ ಪಾದದವರೆಗೆ ಉಕ್ಕು ತೊಟ್ಟು, ಕುದುರೆಯೇರಿ ಕಾದುತ್ತಿದ್ದ ಸರದಾರ. ನಮ್ಮ ಮನೆಯ ನೈಟ್ ನನ್ನ ಹೆಂಡತಿ. ಹೆಸರು ಶಾಂತಿ. ನೀವು ನಗುವುದಾದರೆ ಈಗಲೇ ನಕ್ಕುಬಿಡಿ, ನಾನು ಕಾಯುತ್ತೇನೆ.

ಹಿಂದೊಮ್ಮೆ, ಎಲ್ಲರೂ ಒಂದೊಂದು ಅಡುಗೆ ಮಾಡಿ ತರುವ ಸಂಕ್ರಾಂತಿಯ ಪಾಟ್‌ಲಕ್ಕಿನಲ್ಲಿ, "ಶಾಂತಿ ನೈಟ್ ಆಗ್ತಿದಾಳೆ" ಎಂದು ನಾನು ಬಾಯಿ ಬಿಟ್ಟಾಗ ಪಕ್ಕದಲ್ಲಿದ್ದ ಆಂಟಿಯೊಬ್ಬರು, "ನೈಟ್ ಶಿಫ್ಟಾ? ಪಾಪ, ಚಳೀಲಿ ಡ್ರೈವ್ ಮಾಡೋದು ಕಷ್ಟ ಅಲ್ವಾ?" ಎಂದಿದ್ದರು. ನಾನು ತಿದ್ದಲಿಲ್ಲ. ತಿದ್ದಿದ್ದರೆ ಮುಂದಿನ ಪ್ರಶ್ನೆಗಳಿಗೂ ಉತ್ತರ ಹೇಳಬೇಕಾಗುತ್ತಿತ್ತು, ಮತ್ತು ಆ ದಿನಗಳಲ್ಲಿ ಆ ವಿಷಯವೆತ್ತಿದರೆ ನನ್ನ ಹೊಟ್ಟೆಯಲ್ಲಿ ಒಲೆ ಹೊತ್ತಿಕೊಳ್ಳುತ್ತಿತ್ತು.

ಶಾಂತಿ ಮಂಡ್ಯದವಳು. ಕಾಲೇಜಿನಲ್ಲಿ ಕಬಡ್ಡಿ ಆಡಿದವಳು, ಆಮೇಲೆ ಹೈಸ್ಕೂಲಿನಲ್ಲಿ ಗಣಿತದ ಮೇಡಂ. ನನ್ನನ್ನು ಮದುವೆಯಾಗಿ ಇಲ್ಲಿಗೆ ಬಂದಾಗ ನನ್ನ ವೀಸಾದ ಬಾಲ ಹಿಡಿದು ಬಂದಳು, ಹಾಗೆ ಬಂದವರು ಕೆಲಸ ಮಾಡುವಂತಿರಲಿಲ್ಲ. ನಾನು ಬೆಳಿಗ್ಗೆ ಕಾರು ತೆಗೆದುಕೊಂಡು ಹೋದರೆ ಅವಳಿಗೆ ಉಳಿಯುತ್ತಿದ್ದುದು ಕಿಟಕಿ, ಫೋನು ಮತ್ತು ನಡೆದು ಹೋಗಬಹುದಾದ ಒಂದೇ ಜಾಗವಾದ ಲೈಬ್ರರಿ.

ಆ ಲೈಬ್ರರಿಯಲ್ಲೇ ಒಂದು ಚಳಿಗಾಲದ ಶನಿವಾರ, ಮಕ್ಕಳಿಗೆಂದು ಇಟ್ಟ ಕಾರ್ಯಕ್ರಮದಲ್ಲಿ ಒಬ್ಬ ಎತ್ತರದ ಮನುಷ್ಯ ಮೇಜಿನ ಮೇಲೆ ಶಿರಸ್ತ್ರಾಣ, ಎದೆಗವಚ, ಕಬ್ಬಿಣದ ಕೈಗವಸು ಹರಡಿಕೊಂಡು ನೈಟ್‌ಗಳ ಬದುಕಿನ ಕಥೆ ಹೇಳುತ್ತಿದ್ದನಂತೆ. ಅವರು ಏಳು ವರ್ಷಕ್ಕೇ ಮನೆ ಬಿಟ್ಟು ಇನ್ನೊಬ್ಬ ಸರದಾರನ ಮನೆಯಲ್ಲಿ ಊಳಿಗಕ್ಕೆ ನಿಲ್ಲುತ್ತಿದ್ದರು. ಸ್ವಲ್ಪ ದೊಡ್ಡವರಾದ ಮೇಲೆ ಅವನ ಕವಚ ಉಜ್ಜಿ, ತೊಡಿಸಿ, ಯುದ್ಧದಲ್ಲಿ ಬಿದ್ದರೆ ಎಳೆದು ತರುವ ಸ್ಕ್ವೈರ್ ಆಗುತ್ತಿದ್ದರು. ಎಂಥಾ ಶೂರನಾದರೂ ಬೆನ್ನಿನ ಬಕಲ್ಲಿಗೆ ಅವನ ಕೈ ಎಟುಕದು, ಕಟ್ಟುವವನಿಲ್ಲದೆ ಯಾರೂ ನೈಟ್ ಅಲ್ಲ. ಮಕ್ಕಳೆಲ್ಲ ಸರದಿಯಲ್ಲಿ ಶಿರಸ್ತ್ರಾಣ ಹಾಕಿಕೊಂಡು ನೋಡಿದ ಮೇಲೆ ನನ್ನ ಹೆಂಡತಿಯೂ ಸಾಲಿನಲ್ಲಿ ನಿಂತಳು.

ಮನೆಗೆ ಬಂದು, "ರೀ, ಅದನ್ನ ಹಾಕ್ಕೊಂಡ್ರೆ ಒಂದು ಸೀಳು ಬಿಟ್ರೆ ಏನೂ ಕಾಣ್ಸಲ್ಲ, ನಮ್ ಉಸ್ರು ಮಾತ್ರ ಕೇಳ್ಸುತ್ತೆ. ಎಷ್ಟು ಚೆನ್ನಾಗಿತ್ತು ಗೊತ್ತಾ?" ಎಂದಳು. ಉಸಿರು ಕೇಳಿಸುವುದರಲ್ಲಿ ಚೆನ್ನಾಗಿರುವುದೇನು ಎಂದು ನನಗೆ ಅರ್ಥವಾಗಲಿಲ್ಲ. ಆ ಮನುಷ್ಯನ ಹೆಸರು ಗ್ರೆಗ್ ಎಂದೂ, ದಂತವೈದ್ಯನೆಂದೂ, ವಾರಕ್ಕೆರಡು ಸಲ ಒಂದು ಹಳೇ ಗೋದಾಮಿನಲ್ಲಿ ಮೊಂಡು ಕತ್ತಿಗಳಿಂದ ನಿಜವಾದ ಕಾಳಗವನ್ನೇ ಕಲಿಸುತ್ತಾನೆಂದೂ ಆಮೇಲೆ ತಿಳಿಯಿತು. ಶಾಂತಿ ಸೇರಿಕೊಂಡಳು.

ನಾನು ಮೈಸೂರಿನವನು. ಗರಡಿಮನೆಯ ಪಕ್ಕದ ಬೀದಿಯಲ್ಲಿ ಬೆಳೆದೆ. ಪೈಲ್ವಾನರು ಒಬ್ಬರ ಬೆನ್ನಿಗೆ ಒಬ್ಬರು ಮಣ್ಣು ತಿಕ್ಕುವುದನ್ನು ನೋಡಿ ಬೆಳೆದವನಿಗೆ ಇಂಥದ್ದರಲ್ಲಿ ತಪ್ಪು ಕಾಣಬಾರದು. ಆದರೆ ಮೊದಲ ಸಲ ಅಭ್ಯಾಸ ನೋಡಲು ಹೋದ ಸಂಜೆ ಗ್ರೆಗ್ ನನ್ನ ಹೆಂಡತಿಯ ಮುಂದೆ ಮಂಡಿಯೂರಿ ಕುಳಿತಿದ್ದ. ಅವಳ ಕಾಲಿಗೆ ಉಕ್ಕಿನ ತಗಡು ಇಟ್ಟು ಚರ್ಮದ ಪಟ್ಟಿ ಎಳೆಯುತ್ತಿದ್ದ. ಕಾಲುಂಗುರ ತೊಡಿಸುವಾಗ ನಾನು ಒಮ್ಮೆ, ಒಮ್ಮೆ ಮಾತ್ರ, ಪುರೋಹಿತರು ಹೇಳಿದರೆಂದು ಆ ಪಾದ ಮುಟ್ಟಿದ್ದೆ. ಇವನು ವಾರಕ್ಕೆರಡು ಸಲ ಯಾರೂ ಹೇಳದೆ ಮುಟ್ಟುತ್ತಿದ್ದ. ಅವನ ಗಡ್ಡ ಕೆಂಪು, ಭುಜ ಅಗಲ, ವಿಚ್ಛೇದನವೂ ಆಗಿದೆ. ಆ ಮೂರನೆಯ ಸಂಗತಿಯನ್ನು ನಾನೇ ಹುಡುಕಿ ತಿಳಿದುಕೊಂಡೆ.

ಮತ್ಸರಕ್ಕೆ ಬುದ್ಧಿ ಕಡಿಮೆ, ಉತ್ಸಾಹ ಜಾಸ್ತಿ. ನನಗೆ ಹಲ್ಲುನೋವು ಬಂತು. ಬಂತೋ, ಬರಿಸಿಕೊಂಡೆನೋ, ಊರಿನಲ್ಲಿ ಅಷ್ಟು ಜನ ದಂತವೈದ್ಯರಿದ್ದರೂ ಗ್ರೆಗ್‌ನ ಬಳಿಗೇ ಹೋದೆ. ಮುಖಾಮುಖಿ ಕುಳಿತು ನಾಲ್ಕು ಮಾತಾಡಿ, ಗಂಡ ಅಂತ ಒಬ್ಬನಿದ್ದಾನೆ ಎಂದು ತಿಳಿಸಿಬಿಡುವ ಯೋಚನೆ. ಅವನು ನಗುನಗುತ್ತಾ ಬಂದು ನನ್ನ ದವಡೆಗೆ ಸೂಜಿ ಚುಚ್ಚಿದ. ಬಾಯಿ ಮರಗಟ್ಟಿತು. ನಂತರ ಅರ್ಧ ಗಂಟೆ, ನನ್ನ ತೆರೆದ ಬಾಯಿಯೊಳಗೆ ಬಗ್ಗಿ, ಶಾಂತಿಯ ಹೆಜ್ಜೆ ಎಷ್ಟು ಚುರುಕು, ಎದುರಾಳಿಯ ಸೊಂಟಕ್ಕೆ ಕೈಹಾಕಿ ಕೆಡವುವುದನ್ನು ಎಲ್ಲಿ ಕಲಿತಳು, ಇಷ್ಟು ವರ್ಷದಲ್ಲಿ ಇಂಥ ಧೈರ್ಯ ತಾನು ಕಂಡಿಲ್ಲ ಎಂದೆಲ್ಲ ಹೊಗಳಿದ. ಕಬಡ್ಡಿ ಎಂಬ ಒಂದು ಉತ್ತರ ನನ್ನಲ್ಲಿತ್ತು. ಬಾಯಿಂದ ಹೊರಟದ್ದು ಜೊಲ್ಲು ಮಾತ್ರ.

ಆ ಬೇಸಿಗೆಯಲ್ಲಿ ಶಿಕಾಗೋ ಹತ್ತಿರದ ಹಾಫ್‌ಮನ್ ಎಸ್ಟೇಟ್ಸ್‌ನಲ್ಲಿ ಹೆಂಗಸರದೊಂದು ಪಂದ್ಯವಿತ್ತು. ಕವಚಗಳೆಲ್ಲ ಗ್ರೆಗ್‌ನ ವ್ಯಾನಿನಲ್ಲಿ ಹೋಗಬೇಕು, ಶಾಂತಿಯೂ ಅದರಲ್ಲೇ. ನಾನೂ ಬರುತ್ತೇನೆಂದೆ. ಮುಂದಿನ ಎರಡು ಸೀಟುಗಳಲ್ಲಿ ಅವರು, ಹಿಂದೆ ಗುರಾಣಿಗಳ ನಡುವೆ, ತೊಡೆಯ ಮೇಲೆ ಶಿರಸ್ತ್ರಾಣ ಇಟ್ಟುಕೊಂಡು ನಾನು. ಐ-94 ಹೆದ್ದಾರಿಯಲ್ಲಿ ಐದು ಗಂಟೆ ಹೀಗೆ ಕಳೆಯಿತು. ಗ್ರೆಗ್ ದಾರಿಯುದ್ದಕ್ಕೂ ಹಳೇ ಕಥೆ ಹೇಳಿದ. ಆ ಕಾಲದಲ್ಲಿ ನೈಟ್‌ಗಳು ಪಂದ್ಯಕ್ಕಿಳಿಯುವಾಗ ತಾವು ಮೆಚ್ಚಿದ ಹೆಂಗಸಿನ ವಸ್ತ್ರವೊಂದನ್ನು ತೋಳಿಗೆ ಕಟ್ಟಿಕೊಳ್ಳುತ್ತಿದ್ದರಂತೆ. ಅವಳು ಸಾಮಾನ್ಯವಾಗಿ ಬೇರೆ ಯಾರದೋ ಹೆಂಡತಿಯಾಗಿರುತ್ತಿದ್ದಳಂತೆ.

"ಆಗ ಆ ಗಂಡ ಏನು ಮಾಡುತ್ತಿದ್ದ?" ಎಂದು ಹಿಂದಿನಿಂದ ಕೇಳಿದೆ.

ಗ್ರೆಗ್ ಸ್ವಲ್ಪ ಯೋಚಿಸಿ, ಕಥೆಗಳು ಅದನ್ನು ಹೆಚ್ಚಾಗಿ ಹೇಳುವುದಿಲ್ಲ ಎಂದ. ಶಾಂತಿ ಕಿಟಕಿಯ ಕಡೆ ಮುಖ ತಿರುಗಿಸಿದಳು, ಅವಳ ಭುಜ ಅಲುಗುತ್ತಿತ್ತು. ನಗುತ್ತಿದ್ದಳು.

ಪಂದ್ಯದ ಅಂಕಣಕ್ಕೆ ಮರದ ಬೇಲಿ. ಎದುರಾಳಿ ವಿಸ್ಕಾನ್ಸಿನ್‌ನ ಹೆಂಗಸು, ಶಾಂತಿಗಿಂತ ಒಂದು ತಲೆ ಎತ್ತರ. ನನ್ನ ಮನಸ್ಸಿನಲ್ಲಿದ್ದುದನ್ನು ಮುಚ್ಚಿಡದೆ ಹೇಳುತ್ತೇನೆ: ಶಾಂತಿ ಸೋಲಲಿ, ಇದು ಇಲ್ಲಿಗೆ ಮುಗಿಯಲಿ, ಮನೆಗೆ ಹೋಗೋಣ. ಮೊದಲ ಸುತ್ತಿನಲ್ಲೇ ಆ ಹೆಂಗಸು ಅವಳನ್ನು ಬೇಲಿಗೆ ಒತ್ತಿ ಕತ್ತಿಯಿಂದ ತಲೆಗೆ ಬಾರಿಸಿದಳು. ಪಾತ್ರೆ ಅಂಗಡಿಯ ಕಪಾಟು ಮಗುಚಿದಂತೆ ಸದ್ದು. ಶಾಂತಿ ಬಿದ್ದಳು. ಎದ್ದಳು. ಗಂಟೆ ಬಾರಿಸಿದಾಗ ತಡವರಿಸುತ್ತಾ ಬೇಲಿಯ ಬಳಿಗೆ ಬಂದಳು. ಶಿರಸ್ತ್ರಾಣದ ಮುಖಪಟ್ಟಿ ನೆಗ್ಗಿ ಸಿಕ್ಕಿಕೊಂಡಿತ್ತು. ಒಳಗಿನಿಂದ ಅವಳ ದನಿ: "ರೀ, ಬೇಗ ಬನ್ರೀ! ಬಿಚ್ರೀ ಇದನ್ನ, ಉಸ್ರಾಡಕ್ಕೆ ಆಗ್ತಿಲ್ಲ!"

ಅಷ್ಟು ಜನರಲ್ಲಿ ಆ ಮಾತು ತಿಳಿದದ್ದು ನನಗೊಬ್ಬನಿಗೇ. ಬೇಲಿ ಹಾರಿದೆ. ಗದ್ದದ ಕೆಳಗೆ ಕೈಹಾಕಿದೆ. ಎಳೆಯಬೇಕೋ ಒತ್ತಬೇಕೋ ತಿಳಿಯಲಿಲ್ಲ. ನನ್ನ ಕೆಲಸವೇ ಸೀಟ್ ಬೆಲ್ಟಿನ ವಿನ್ಯಾಸ, ದಿನವಿಡೀ ಬಕಲ್‌ಗಳ ಜೊತೆಗೇ ಇರುವವನು, ನನ್ನ ಹೆಂಡತಿಯ ಕತ್ತಿನ ಬಕಲ್ ಬಿಚ್ಚಲಾರದೆ ನಿಂತೆ. ಗ್ರೆಗ್ ಎರಡು ಬೆರಳು ತೂರಿಸಿದ. ಶಿರಸ್ತ್ರಾಣ ಕಳಚಿತು. ಕೆಂಪಾದ ಮುಖ, ತುಟಿಯಲ್ಲಿ ರಕ್ತ. ಅವಳು ಬಾಯಿ ತೆರೆದು ಗಾಳಿ ಎಳೆದುಕೊಂಡಳು. ನಾನು, "ಸಾಕು ಶಾಂತಿ, ನಡಿ" ಎಂದೆ. ಅವಳು ನನ್ನನ್ನು ನೋಡಿ, ಕಬ್ಬಿಣದ ಕೈ ಚಾಚಿ ಇನ್ನೊಂದು ಶಿರಸ್ತ್ರಾಣ ಕೊಡಿ ಎಂದು ಗ್ರೆಗ್‌ಗೆ ಸನ್ನೆ ಮಾಡಿದಳು.

ಉಳಿದ ಎರಡು ಸುತ್ತಿನಲ್ಲಿ ಒಂದನ್ನು ಗೆದ್ದಳು, ಒಂದನ್ನು ಸೋತಳು. ಪಂದ್ಯ ಸೋತಂತಾಯಿತು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದ್ದು ಮಾತ್ರ ಅವಳಿಗೆ.

ಮರುದಿನ ಬರುವಾಗ ಕಾಲು ಚಾಚಲೆಂದು ಅವಳು ಹಿಂದೆ ನನ್ನ ಪಕ್ಕ ಕುಳಿತಳು. ಗ್ರೆಗ್ ಮುಂದೆ ಏನೋ ಗುನುಗುತ್ತಾ ಓಡಿಸುತ್ತಿದ್ದ. ಕನ್ನಡವೇ ನಮಗೆ ಪರದೆ.

"ಬಕಲ್ ಹಾಕೋದನ್ನ ನಂಗೆ ಯಾಕೆ ಹೇಳ್ಕೊಡ್ಲಿಲ್ಲ ನೀನು? ಅವ್ನೇ ಯಾಕೆ?" ಎಂದು ಕೇಳಿದೆ. ದನಿ ಸಹಜವಾಗಿರಲಿ ಎಂದು ಪ್ರಯತ್ನಿಸಿದೆ, ಆಗಲಿಲ್ಲ.

ಅವಳು ಊದಿದ ತುಟಿಯನ್ನು ಒಮ್ಮೆ ಮುಟ್ಟಿ ನೋಡಿಕೊಂಡಳು. "ಅವ್ನು ಯಾರಾದ್ರೇನ್ರೀ? ಕಟ್ಟಕ್ಕೆ ಒಂದು ಕೈ ಬೇಕು, ಅಷ್ಟೇಯ. ಇಲ್ಲಿ ನಂದು ಅಂತ ಏನೈತೆ ಹೇಳಿ. ವೀಸಾ ನಿಮ್ದು, ಕಾರು ನಿಮ್ಮೆಸ್ರಲ್ಲಿ, ಫೋನೂ ನಿಮ್ಮೆಸ್ರಲ್ಲಿ. ಡಾಕ್ಟ್ರ ಹತ್ರ ಹೋದ್ರೂ ಇನ್ಶೂರೆನ್ಸಿಗೆ ಗಂಡನ ಎಂಪ್ಲಾಯರ್ ಯಾರು ಅಂತ ಕೇಳ್ತಾರೆ. ಆ ಗೋದಾಮಲ್ಲಿ ಒಬ್ರೂ ಅದನ್ನ ಕೇಳಿಲ್ಲ. ಇದೊಂದು ನಂದಾಗಿರ್ಲಿ ಅನ್ನಿಸ್ತು. ನಿಮ್ಮನ್ನ ಕರೆದಿದ್ರೆ ಅದೂ ನಿಮ್ದೇ ಆಗ್ಬಿಡ್ತಿತ್ತು." ಸಿಟ್ಟಿನಿಂದ ಹೇಳಲಿಲ್ಲ. ಸಿಟ್ಟಿನಿಂದ ಹೇಳಿದ್ದರೆ ನಾನೂ ಏನಾದರೂ ಅಂದುಬಿಡಬಹುದಿತ್ತು.

ಇಂಡಿಯಾನಾದ ಜೋಳದ ಹೊಲಗಳು ಹಿಂದೆ ಸರಿಯುತ್ತಿದ್ದವು. ಆಶ್ಚರ್ಯವೆಂದರೆ ಹೊಟ್ಟೆಕಿಚ್ಚು ಆರಲಿಲ್ಲ, ದಿಕ್ಕು ಬದಲಿಸಿತು. ಇಷ್ಟು ದಿನ ಗ್ರೆಗ್‌ನ ಮೇಲೆ ಉರಿದದ್ದು ಈಗ ಶಾಂತಿಯ ಮೇಲೆ ಉರಿಯತೊಡಗಿತು. ನನ್ನ ಹೆಸರಿನಲ್ಲಿ ಎಲ್ಲವೂ ಇತ್ತು, ನಿಜ. ಆದರೆ ಬಿದ್ದರೂ ಎದ್ದು ಹೋಗಿ ಮತ್ತೆ ನಿಲ್ಲಬೇಕೆನಿಸುವಂಥದ್ದು ಯಾವುದಿತ್ತು? ವೀಸಾ ಕೈಬಿಟ್ಟೀತೆಂದು ಮೀಟಿಂಗಿನಲ್ಲಿ ಮ್ಯಾನೇಜರಿಗೆ ಎದುರಾಡದೆ ವರ್ಷಗಳನ್ನು ಕಳೆದವನು ನಾನು. ತುಟಿ ಊದಿಸಿಕೊಂಡು ಪಕ್ಕದಲ್ಲಿ ನಿದ್ದೆ ಹೋದ ಈ ಹೆಂಗಸು ನನಗಿಂತ ಹೆಚ್ಚು ಬದುಕಿದ್ದಾಳೆ ಅನ್ನಿಸಿತು. ಪರಪುರುಷನ ಮೇಲಿನ ಮತ್ಸರವನ್ನಾದರೂ ಹೇಗೋ ಹೊರಬಹುದು, ಇದನ್ನು ಹೊರುವುದು ಕಷ್ಟ. ಬೈಯಲು ಎದುರಿಗೆ ಯಾರೂ ಇರುವುದಿಲ್ಲ.

ಆಮೇಲೆ ನಾನು ಏನೂ ಕೇಳಲಿಲ್ಲ. ಕಲಿಸು ಎನ್ನಲಿಲ್ಲ, ಬೇಡ ಎನ್ನಲಿಲ್ಲ. ಗ್ರೆಗ್ ಮತ್ತೆ ಮದುವೆಯಾಗಿ ಅರಿಜೋನಾಕ್ಕೆ ಹೋದ. ಹಬ್ಬ ಮಾಡೋಣವೆನ್ನಿಸಿತು, ಆದರೆ ಹೊಸ ದಂತವೈದ್ಯನ ಕೈ ಒರಟು. ಹಲ್ಲುನೋವು ಬಂದಾಗಲೆಲ್ಲ ಅವನನ್ನು ನೆನೆಯುತ್ತೇನೆ. ಅವನು ಹೋದ ಮೇಲೊಂದು ಭಾನುವಾರ ನಾನು ಬೀನ್ಸ್ ಹೆಚ್ಚುತ್ತಿದ್ದೆ. ಶಾಂತಿ ಗ್ಯಾರೇಜಿನಿಂದ ಬಂದಳು. ಒಂದು ತೋಳಿನ ತಗಡು ಕಟ್ಟಿತ್ತು, ಇನ್ನೊಂದು ಜೋತಾಡುತ್ತಿತ್ತು. "ರೀ, ಇದನ್ನ ಒಂಚೂರು ಎಳೀರಿ" ಎಂದಳು, ಉಪ್ಪಿನಕಾಯಿ ಜಾಡಿಯ ಮುಚ್ಚಳ ತೆಗೆಯಿರಿ ಅಂದಷ್ಟೇ ಸಲೀಸಾಗಿ. ಕೈ ಒರೆಸಿಕೊಂಡು ಎಳೆದೆ. "ಇನ್ನೊಂದು ತೂತಿಗೆ. ಅಷ್ಟು ಬಿಗಿ ಬೇಡ, ಕೈ ಮಡ್ಚಕ್ಕಾಗಲ್ಲ." ಸಡಿಲಿಸಿದೆ. ಅವಳು ಕೈ ಮಡಿಸಿ ನೋಡಿ, ತಲೆಯಾಡಿಸಿ ಹೋದಳು. ನಾನು ಮತ್ತೆ ಬೀನ್ಸ್ ಹೆಚ್ಚತೊಡಗಿದೆ.

ಈಗ ಅವಳಿಗೆ ಕೆಲಸದ ಪರವಾನಗಿ ಬಂದಿದೆ. ಹಗಲು ಗಣಿತ ಕಲಿಸುತ್ತಾಳೆ, ಸಂಜೆ ಗ್ರೆಗ್‌ನ ಆ ಗೋದಾಮನ್ನು ತಾನೇ ನಡೆಸುತ್ತಾಳೆ. ಇವತ್ತು ತನ್ನ ಶಿಷ್ಯೆಯರನ್ನು ಕರೆದುಕೊಂಡು ಪಂದ್ಯಕ್ಕೆಂದು ಶಿಕಾಗೋ ಹತ್ತಿರದ ಲಿಸ್ಲ್‌ಗೆ ಹೋಗಿದ್ದಾಳೆ. ತಾನೂ ಒಂದು ಪಂದ್ಯ ಆಡುವವಳಿದ್ದಳು. ನನ್ನನ್ನು ಕರೆಯಲಿಲ್ಲ. ಕಟ್ಟಲು ಹುಡುಗಿಯರಿದ್ದಾರೆ. ನಾನು ದಿನವೆಲ್ಲ ಗ್ಯಾರೇಜು ಗುಡಿಸಿದೆ, ಬಟ್ಟೆ ಮಡಿಸಿದೆ, ಫೋನು ನೋಡಿದೆ.

ಸಂಜೆ ವೀಡಿಯೋ ಕಾಲ್ ಬಂತು. ಶಾಂತಿಯ ಮುಖ ತುಂಬಾ ಬೆವರು, ಕೂದಲು ಹಣೆಗಂಟಿದೆ, ಅದನ್ನು ಸರಿಸಲು ಇನ್ನೊಂದು ಕೈ ಎತ್ತುತ್ತಿಲ್ಲ. ಮಾತಾಡುತ್ತಲೇ ಪಕ್ಕಕ್ಕೆ ತಿರುಗಿ, ನನಗೆ ಕಾಣದ ಯಾರೋ ಒಬ್ಬರಿಗೆ ಏನೋ ಹೇಳಿ ಜೋರಾಗಿ ನಕ್ಕಳು. ಅಷ್ಟು ತುಂಬುನಗೆ ನನ್ನ ಕಡೆ ಬಂದು ಎಷ್ಟು ದಿನವಾಯಿತೋ. ಗಂಡಸಿನ ದನಿಯೂ ಕೇಳಿದಂತಾಯಿತು. "ಯಾರದು?" ಎಂಬುದು ನನ್ನ ನಾಲಿಗೆಯ ತುದಿಯವರೆಗೂ ಬಂತು.

"ಎಲ್ಲಿ ಪೆಟ್ಟಾಯ್ತು?" ಎಂದು ಕೇಳಿದೆ.

ಅವಳು ತಟ್ಟನೆ ನನ್ನ ಕಡೆ ತಿರುಗಿದಳು. "ಅದೆಂಗೆ ಗೊತ್ತಾಯ್ತು ನಿಮ್ಗೆ?" ಎನ್ನುತ್ತಾ ಫೋನನ್ನು ಹತ್ತಿರಕ್ಕೆ ತಂದು, ಮಣಿಕಟ್ಟನ್ನು ತಿರುಗಿಸಿ ತಿರುಗಿಸಿ ತೋರಿಸತೊಡಗಿದಳು.