ನಾಲ್ಕು ಗಂಟೆಯ ಸೇತುವೆ

ನನ್ನ ಹೆಂಡತಿ ಪುಸ್ತಕ ಓದುವುದಿಲ್ಲ, ಬಿಚ್ಚುತ್ತಾಳೆ. ಮೂವತ್ತು ವರ್ಷದಿಂದ ಅವಳದು ಬೈಂಡಿಂಗ್ ಕೆಲಸ. ಬೀದಿಯವರಿಗೆಲ್ಲ ಅವಳು ಬೈಂಡಿಂಗ್ ಅಮ್ಮ. ನನಗೆ ಮಾತ್ರ, ರೇಗಿದಾಗ, ಪತ್ತೇದಾರಿಣಿ. ಪುಸ್ತಕದಲ್ಲಿ ಏನು ಬರೆದಿದೆ ಎಂಬುದು ಅವಳಿಗೆ ಬೇಡ, ಅದನ್ನು ಯಾರು ಹೇಗೆ ಓದಿದರು ಎಂಬುದು ಬೇಕು. ಪುಸ್ತಕದ ಬೆನ್ನನ್ನು ಮೇಜಿಗೂರಿ ನಿಲ್ಲಿಸಿ ಕೈ ಬಿಡುತ್ತಾಳೆ. ಹೆಚ್ಚು ಸಲ ಓದಿಸಿಕೊಂಡ ಕಡೆ ಅದು ತಾನಾಗಿ ತೆರೆದುಕೊಳ್ಳುತ್ತದೆ. “ಇವ್ರು ಅರ್ಧಕ್ಕೇ ಕೈಬಿಟ್ಟಿದಾರೆ”, “ಇವ್ರು ಊಟ ಮಾಡ್ತಾ ಓದಿದಾರೆ” ಎಂದು ಕಂಡವರ ಚರಿತ್ರೆಯನ್ನೆಲ್ಲ ಹೇಳುತ್ತಾಳೆ. ನಾನು ಗುಮಾಸ್ತಗಿರಿಯಿಂದ ನಿವೃತ್ತನಾದ ಮೇಲೆ, ಅವಳು ಹೊಲಿಯುವಾಗ ಪಕ್ಕದಲ್ಲಿ ಕೂತು ಗಟ್ಟಿಯಾಗಿ ಓದುವುದು ನನ್ನ ಪಾಲಿನ ಕೆಲಸ. ಸಂಬಳ ದಿನಕ್ಕೆ ಎರಡು ಲೋಟ ಕಾಫಿ.

ಕಳೆದ ವರ್ಷ ಲೈಬ್ರರಿಯಿಂದ ಬಂದ ಕಟ್ಟಿನಲ್ಲಿ ಒಂದೇ ಯುದ್ಧದ ಬಗ್ಗೆ ಮೂರು ಪುಸ್ತಕಗಳಿದ್ದವು. ನಾವು ಶಾಲೆಯಲ್ಲಿದ್ದಾಗ ನಡೆದ ಯುದ್ಧ; ಅದು ಬೇಕಿತ್ತೇ ಬೇಡವಾಗಿತ್ತೇ ಎಂದು ಜನ ಇವತ್ತಿಗೂ ಬಸ್ಸಿನಲ್ಲಿ ನಿಂತುಕೊಂಡೇ ಜಗಳವಾಡುತ್ತಾರೆ. ಒಂದು ಪುಸ್ತಕ ಅಲ್ಲಿ ಸೈನ್ಯ ನಡೆಸಿದ ಜನರಲ್ ಒಬ್ಬರದು, ಒಂದು ಪತ್ರಕರ್ತರದು, ಮೂರನೆಯದು ಸರ್ಕಾರವೇ ಬರೆಸಿದ್ದು. ಅದನ್ನು ಎತ್ತಲು ಎರಡು ಕೈ ಬೇಕು. ಇವಳು ಒಂದೊಂದನ್ನೇ ನಿಲ್ಲಿಸಿ ಕೈ ಬಿಟ್ಟಳು. ಮೂರೂ ಒಂದು ಸೇತುವೆಯ ಸುದ್ದಿ ಇರುವ ಪುಟದಲ್ಲೇ ತೆರೆದುಕೊಂಡವು.

“ರೀ, ಓದ್ರೀ,” ಎಂದಳು.

ಓದಿದೆ. ಸೈನ್ಯ ಹಿಂದೆ ಸರಿಯುವಾಗ, ಶತ್ರು ದಾಟದಂತೆ ಸೇತುವೆಯನ್ನು ಸಂಜೆ ನಾಲ್ಕಕ್ಕೆ ಉಡಾಯಿಸಬೇಕಿತ್ತು. ಕಾವಲಿದ್ದ ಸಿಪಾಯಿ ಹೆದರಿ ಹತ್ತು ನಿಮಿಷ ಮೊದಲೇ ಸಿಡಿಸಿದ, ಆಚೆ ದಡದಲ್ಲಿ ನಮ್ಮವರೇ ಅರವತ್ತು ಜನ ಉಳಿದುಹೋದರು ಎಂದು ಜನರಲ್ ಬರೆದಿದ್ದರು. ತಪ್ಪು ಸಿಪಾಯಿಯದಲ್ಲ, ಮೇಲಿನವರದು ಎಂದು ಪತ್ರಕರ್ತರು ಕೂಗಾಡಿದ್ದರು, ಆದರೆ ಆಧಾರ ಕೊಟ್ಟಿರಲಿಲ್ಲ. ಸರ್ಕಾರದ ಪುಸ್ತಕದಲ್ಲಿ ಒಂದೇ ಸಾಲು: “ಸಮಯದ ಬಗ್ಗೆ ಭಿನ್ನಾಭಿಪ್ರಾಯವಿದೆ. ಅನುಬಂಧ ಆರು ನೋಡಿ.” ಕೊನೆಗೆ ತಿರುಗಿಸಿ ನೋಡಿದರೆ ಅನುಬಂಧ ಐದಕ್ಕೇ ಮುಗಿದಿತ್ತು.

ಇನ್ನು ಇವಳನ್ನು ಹಿಡಿಯುವವರುಂಟೇ? ಮಧ್ಯಾಹ್ನವೇ ಲೈಬ್ರರಿಗೆ ಹೋಗಿ, ಮೂರೂ ಪುಸ್ತಕಗಳನ್ನು ಮತ್ತೆ ಮತ್ತೆ ಒಯ್ದವರು ಬಸ್ ನಿಲ್ದಾಣದ ಎದುರಿನ ವಾಚ್ ರಿಪೇರಿಯವರು ಎಂದು ತಿಳಿದುಕೊಂಡು ಬಂದಳು. ಮರುದಿನ ಚೆನ್ನಾಗಿ ಓಡುತ್ತಿದ್ದ ನಮ್ಮ ಗೋಡೆ ಗಡಿಯಾರವನ್ನು ಕೆಳಗಿಳಿಸಿ, ಏನೋ ಮಾಡಿ ನಿಲ್ಲಿಸಿ, ನನ್ನನ್ನೂ ಎಬ್ಬಿಸಿಕೊಂಡು ಹೊರಟಳು.

ಅಂಗಡಿ ಒಂದು ಬೀರುವಿನಷ್ಟು ಅಗಲ. ಎಂಬತ್ತರ ಹತ್ತಿರದ ಹಿರಿಯರು ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಕೂತಿದ್ದರು. ಗಡಿಯಾರದ ಹಿಂಭಾಗ ತೆಗೆದು ನೋಡಿ ನಕ್ಕರು.

“ಇದಕ್ಕೇನೂ ಆಗಿಲ್ಲಮ್ಮ. ಸೆಲ್ ಉಲ್ಟಾ ಹಾಕಿದೀರ. ಯಾಕೆ ಬಂದ್ರಿ, ನಿಜ ಹೇಳಿ.”

ನನಗೆ ನೆಲ ಬಾಯಿ ಬಿಡಬಾರದೇ ಅನ್ನಿಸಿತು. ಇವಳಿಗೆ ಅಂಥದ್ದೇನೂ ಆಗಲಿಲ್ಲ. “ಆ ಸೇತುವೆ ಪುಟಾನ ಯಾಕಣ್ಣ ಅಷ್ಟು ಸಲ ಓದಿದೀರ?” ಎಂದು ನೇರವಾಗಿ ಕೇಳಿಬಿಟ್ಟಳು.

ಅವರು ಕಣ್ಣಿನ ಗಾಜನ್ನು ತೆಗೆದು ಮೇಜಿನ ಮೇಲಿಟ್ಟರು. ಇವಳನ್ನೂ ನನ್ನನ್ನೂ ನೋಡಿದರು. ಬಯ್ದು ಕಳಿಸುತ್ತಾರೆ ಎಂದುಕೊಂಡೆ.

“ಆ ಸಿಪಾಯಿ ನಾನೇ,” ಎಂದರು. “ನಾಲ್ಕಕ್ಕೆ ಅಂತ ಆರ್ಡರ್. ನನ್ನ ವಾಚಲ್ಲಿ ನಾಲ್ಕಾಯ್ತು, ಗುಂಡಿ ಒತ್ತಿದೆ. ಹೊಗೆಯಲ್ಲಿ ಆಚೆ ದಡ ಕಾಣ್ತಿರ್ಲಿಲ್ಲ. ಆಮೇಲೆ ಓಡೋವಾಗ ವಾಚ್ ನೀರಿಗೆ ಬಿತ್ತು. ಅದು ಸರಿಯಾಗಿತ್ತೋ, ಹತ್ತು ನಿಮಿಷ ಮುಂದೆ ಓಡ್ತಿತ್ತೋ, ಈಗ ಯಾರನ್ನ ಕೇಳ್ಲಿ?”

“ಅದಕ್ಕೇನಾ ಈ ಕೆಲ್ಸಕ್ಕೆ ಬಂದಿದ್ದು?” ಎಂದಳು ಇವಳು. ನಾನು ಅವಳ ಮೊಣಕೈ ಚಿವುಟಿದೆ.

“ಇಲ್ಲಮ್ಮ, ಇದು ನಮ್ಮ ಮಾವನ ಅಂಗಡಿ. ಹೆಂಡತಿ ಜೊತೆ ಬಂತು,” ಎಂದು ನಕ್ಕರು. ನಗು ಬೇಗ ನಿಂತಿತು. “ನನಗೆ ಭಯ ಆಗಿತ್ತು, ಸುಳ್ಳು ಯಾಕೆ ಹೇಳ್ಲಿ? ಆದ್ರೆ ನಾಲ್ಕಕ್ಕೇ ಒತ್ತಿದ್ನಾ? ಅದೊಂದು ಗೊತ್ತಾದ್ರೆ ಸಾಕು. ಅರವತ್ತು ಜನ ಅಮ್ಮ.”

ಅನುಬಂಧ ಆರು ಎಲ್ಲಿ ಎಂದು ಅವರೂ ಲೈಬ್ರರಿಯಲ್ಲಿ ಕೇಳಿದ್ದರಂತೆ. ಅಚ್ಚಾಗಿದ್ದೇ ಹಾಗೆ ಎಂದು ಅಲ್ಲಿಯವರು ಅಂದರಂತೆ. ಬೇರೆ ಪ್ರತಿ ನೋಡೋಣವೆಂದರೆ, ಗಲಾಟೆಯಾಗಿ ಸರ್ಕಾರ ಆ ಪುಸ್ತಕವನ್ನು ಎಲ್ಲ ಕಡೆಯಿಂದ ವಾಪಸ್ ತರಿಸಿಕೊಂಡಿತ್ತು. ನಮ್ಮ ಲೈಬ್ರರಿಯವರು ಕಳಿಸಲು ಮರೆತಿದ್ದರು, ಅಷ್ಟೆ.

ಮನೆಗೆ ಬಂದವಳೇ ಇವಳು ಸರ್ಕಾರದ ಪುಸ್ತಕವನ್ನು ಕೈಗೆತ್ತಿಕೊಂಡಳು. ಮುಂದಿನ ರಟ್ಟನ್ನು ಎರಡು ಬೆರಳಲ್ಲಿ ಹಿಡಿದು ನೋಡಿದಳು, ಹಿಂದಿನದನ್ನು ಹಿಡಿದಳು, ಮತ್ತೆ ಮುಂದಿನದನ್ನು.

“ಹಿಂದಿನ ರಟ್ಟು ದಪ್ಪ ಇದೆ ಕಣ್ರೀ.”

ಒದ್ದೆ ಬಟ್ಟೆ ಹೊದಿಸಿ ಅರ್ಧ ಗಂಟೆ ಬಿಟ್ಟಳು. ಮೈದಾ ಅಂಟು ಮೆತ್ತಗಾದ ಮೇಲೆ ಮೊಂಡು ಚಾಕುವಿನಿಂದ ಒಳಗಿನ ಹಾಳೆ ಎಬ್ಬಿಸಿದಳು. ಅದರ ಕೆಳಗೆ, ರಟ್ಟಿಗೆ ಅಂಟಿಕೊಂಡು, ನಾಲ್ಕು ಮಡಿಕೆಯ ಇನ್ನೊಂದು ಹಾಳೆ. ಹೊರಮೈ ಖಾಲಿ. ಒಳಗೆ ಅಚ್ಚು: ಅನುಬಂಧ ಆರು. ಸಂತೋಷದಲ್ಲಿ ನಾನು ಕೂಗಿಯೇಬಿಟ್ಟೆ. ಇವಳು ಮಾತ್ರ ಬೆನ್ನಿನ ಒಳಗೆ ಪೆನ್ಸಿಲಿನಲ್ಲಿ ಬರೆದ ಗುರುತನ್ನು ನೋಡುತ್ತಿದ್ದಳು. ಹನ್ನೊಂದು ವರ್ಷದ ಹಿಂದಿನ ಇಸವಿ, ಕೆಳಗೆ ಅವಳದೇ ಸಹಿ.

ಆ ವರ್ಷ ಲೈಬ್ರರಿ, ತಪಾಸಣೆ ಬರುತ್ತದೆಂದು, ಒಂದೇ ವಾರದಲ್ಲಿ ಇನ್ನೂರು ಪುಸ್ತಕ ಕಳಿಸಿತ್ತು. ಕೊನೆಯ ಹಾಳೆ ಖಾಲಿ ಎಂದುಕೊಂಡು, ಬಿಡಿಸಿ ನೋಡದೆ, ಇವಳೇ ರಟ್ಟಿಗೆ ಅಂಟಿಸಿ ಮುಚ್ಚಿದ್ದಳು.

“ಯಾರಿಗೂ ಹೇಳ್ಬೇಡ ಕಣೇ,” ಎಂದೆ. “ಸುಮ್ನೆ ಹೊಲಿದು ಸೇರ್ಸಿಬಿಡು. ಅವ್ರೇ ಓದ್ಕೊಳ್ತಾರೆ.”

“ಹನ್ನೊಂದು ವರ್ಷ ಮುಚ್ಚಿಟ್ಟೋಳು ನಾನು. ಇನ್ನೂ ಮುಚ್ಚಿಡು ಅಂತೀರಲ್ಲ, ನಾಚ್ಕೆ ಆಗಲ್ವಾ?”

ನಾಚಿಕೆಯಾಯಿತು. ಹಾಳೆಯಲ್ಲಿ ಏನಿದೆ ಎಂದು ಓದಲು ನನ್ನ ಕೈ ಚಡಪಡಿಸುತ್ತಿತ್ತು. ಇವಳು ಬಿಡಲಿಲ್ಲ. ಮೊದಲು ಅವರೇ ಓದಬೇಕಂತೆ. ಜಗತ್ತಿನ ಎಲ್ಲದಕ್ಕೂ ಮೂಗು ತೂರಿಸುವವಳು ಮಡಿಸಿದ ಹಾಳೆಯ ಮೇಲೆ ಇಸ್ತ್ರಿಪೆಟ್ಟಿಗೆಯನ್ನು ಹೇರಿ, ಅಡುಗೆಮನೆಗೆ ಹೋದಳು.

ಇವಳು ಹೇಳಿಕಳಿಸಿದ್ದಕ್ಕೆ ಮಾರನೆಯ ಬೆಳಿಗ್ಗೆ ವಾಚ್ ರಿಪೇರಿಯವರು ಬಂದರು. ಕೂರುವ ಮೊದಲೇ ಇವಳು ತನ್ನ ತಪ್ಪನ್ನು ಹೇಳಿಕೊಂಡಳು. ಅವರಿಗೆ ಅದು ಕೇಳಿಸಿತೋ ಇಲ್ಲವೋ. ಜೇಬಿನಿಂದ ಭೂತಗನ್ನಡಿ ತೆಗೆದು ಕಣ್ಣಿಗೆ ಸಿಕ್ಕಿಸಿಕೊಂಡು ಹಾಳೆಯ ಮೇಲೆ ಬಾಗಿದರು. ಸೈನ್ಯದ ಕೇಂದ್ರಕ್ಕೆ ಅವತ್ತು ಬಂದ ವೈರ್‌ಲೆಸ್ ಸಂದೇಶಗಳ ಪಟ್ಟಿ ಅದು, ನಿಮಿಷ ನಿಮಿಷದ್ದು. ಅವರ ಬೆರಳು ನೇರ ಕೆಳಗೆ ಹೋಗಿ ನಿಂತಿತು.

“ನಾಲ್ಕು ಗಂಟೆ. ಸೇತುವೆ ಕಡೆಯಿಂದ ಭಾರಿ ಸದ್ದು.” ಇನ್ನೊಮ್ಮೆ ಓದಿದರು. “ನಾಲ್ಕು! ಅಮ್ಮಾ, ನನ್ನ ವಾಚ್ ಸರಿಯಾಗಿತ್ತು! ನಾನು ಮೊದ್ಲೇ ಒತ್ತಿಲ್ಲ!”

ಎದ್ದು ನನ್ನ ಭುಜ ಹಿಡಿದು ಅಲುಗಾಡಿಸಿದರು. ನನಗೂ ಕಣ್ಣು ತುಂಬಿತು. ಜನರಲ್ ಹೇಳಿದ್ದು ಹಸಿ ಸುಳ್ಳು ಎಂದು ಕೂಗಬೇಕೆನ್ನಿಸಿತು. ಇವಳು ಕಾಫಿ ತರಲು ಎದ್ದಳು.

ಅವರು ಮತ್ತೆ ಕೂತು, ಈ ಸಲ ಪಟ್ಟಿಯನ್ನು ಮೇಲಿನಿಂದ ಓದತೊಡಗಿದರು. ಬೆರಳು ನಾಲ್ಕು ಗಂಟೆಗಿಂತ ಎರಡು ಸಾಲು ಮೇಲೆಯೇ ನಿಂತುಬಿಟ್ಟಿತು.  ನಾನು ಬಾಗಿ ನೋಡಿದೆ. ಮೂರು ಐವತ್ತೆರಡು: ಆಚೆ ದಡದ ತುಕಡಿಯಿಂದ, ಇನ್ನೂ ಇಪ್ಪತ್ತು ನಿಮಿಷ ಬೇಕು. ಮೂರು ಐವತ್ತೈದು: ಕೇಂದ್ರದ ಉತ್ತರ, ಸಮಯ ಬದಲಾಗುವುದಿಲ್ಲ.

“ಕೇಳಿದ್ರಂತೆ,” ಎಂದರು ಅವರು. ಕಣ್ಣಿನ ಗಾಜು ಜಾರಿ ಹಾಳೆಯ ಮೇಲೆ ಬಿತ್ತು. “ಇಪ್ಪತ್ತು ನಿಮಿಷ ಕೇಳಿದ್ರಂತೆ. ನನಗೆ ಯಾರೂ ಹೇಳ್ಲೇ ಇಲ್ಲ. ನನ್ನನ್ನ ಕೇಳಿದ್ರೆ ಕೊಡ್ತಿದ್ನಲ್ಲಮ್ಮಾ.”

ಇವಳು ಕಾಫಿ ಲೋಟವನ್ನು ಕೆಳಗಿಟ್ಟು ಅವರ ಪಕ್ಕದಲ್ಲಿ ಕೂತಳು. ಜಾರಿಬಿದ್ದ ಗಾಜನ್ನು ಎತ್ತಿ ಅವರ ಕೈಗಿಟ್ಟಳು. ಅವರು ಹಾಳೆಯನ್ನು ಅದೇ ಮಡಿಕೆಗೆ ಮಡಿಸಿ ಅವಳ ಕೈಗೆ ಕೊಟ್ಟು, “ಗಟ್ಟಿಯಾಗಿ ಹೊಲೀರಿ,” ಎಂದರು.